ತಿಂಗಳಿಗೆ 250 ಡಾಲರಿನ ಹುದ್ದೆ: ಅಮೆರಿಕದ ಕಾಲೇಜು ಮಹಿಳಾ ಬ್ಯಾಸ್ಕೆಟ್‌ಬಾಲ್ ಕೋಚ್ ಎಂದರೆ ಯಾರು, ಏನು?

1974ರಲ್ಲಿ ಅಮೆರಿಕದ ಟೆನೆಸೀ ವಿಶ್ವವಿದ್ಯಾಲಯದ ಮಹಿಳಾ ಬ್ಯಾಸ್ಕೆಟ್‌ಬಾಲ್ ತಂಡದ ಹೊಣೆ ಹೊತ್ತಾಗ ಪ್ಯಾಟ್ ಹೆಡ್ ಅವರಿಗೆ 22 ವರ್ಷ. ನಾಕ್ಸ್‌ವಿಲ್ ನಗರದ ಆ ವಿಶ್ವವಿದ್ಯಾಲಯಕ್ಕೆ ಅವರು ಹೊರಟದ್ದು ದೈಹಿಕ ಶಿಕ್ಷಣದಲ್ಲಿ ಸ್ನಾತಕೋತ್ತರ ಪದವಿ ಓದುತ್ತ ತಂಡಕ್ಕೆ ಸಹಾಯಕ ಕೋಚ್ ಆಗಿರಲು. ಅಷ್ಟರಲ್ಲಿ ಮುಖ್ಯ ಕೋಚ್ ದೀರ್ಘ ರಜೆಯ ಮೇಲೆ ತೆರಳಿದ್ದರಿಂದ, ಯಾವ ತಂಡವನ್ನೂ ನಡೆಸಿ ಗೊತ್ತಿಲ್ಲದ ಈ ಹುಡುಗಿಯನ್ನೇ ಆ ಸ್ಥಾನಕ್ಕೆ ನೇಮಿಸಲಾಯಿತು. ಸಂಬಳ ತಿಂಗಳಿಗೆ 250 ಡಾಲರ್. ಹೊರ ಊರಿನ ಪಂದ್ಯಗಳಿಗೆ ತಂಡದ ವ್ಯಾನನ್ನು ಅವರೇ ಓಡಿಸುತ್ತಿದ್ದರು. ಆಟಗಾರ್ತಿಯರ ಜೆರ್ಸಿಗಳನ್ನು ಅವರೇ ಒಗೆಯುತ್ತಿದ್ದರು. ಆ ಜೆರ್ಸಿಗಳೂ ಹಿಂದಿನ ವರ್ಷ ಡೋನಟ್ ಮಾರಿ ಬಂದ ಹಣದಲ್ಲಿ ಕೊಂಡವು. ಒಮ್ಮೆಯಂತೂ ಇಡೀ ತಂಡವು ಪಂದ್ಯದ ಹಿಂದಿನ ರಾತ್ರಿ ಎದುರಾಳಿ ಕಾಲೇಜಿನ ಜಿಮ್ ಒಳಗೇ ಚಾಪೆ ಹಾಸಿಕೊಂಡು ಮಲಗಿತ್ತು ಎಂದು ಅವರೇ ಮುಂದೆ ನೆನಪಿಸಿಕೊಂಡಿದ್ದರು.

1980ರಲ್ಲಿ ಮದುವೆಯಾದ ಬಳಿಕ ಪ್ಯಾಟ್ ಸಮಿಟ್ ಎಂದು ಹೆಸರಾದ ಇವರು ಅದೇ ವಿಶ್ವವಿದ್ಯಾಲಯದಲ್ಲಿ 38 ಋತುಗಳ ಕಾಲ ಕೋಚ್ ಆಗಿದ್ದು, 1,098 ಪಂದ್ಯಗಳನ್ನು ಗೆದ್ದು, 208ರಲ್ಲಿ ಮಾತ್ರ ಸೋತು, 8 ರಾಷ್ಟ್ರೀಯ ಪ್ರಶಸ್ತಿಗಳೊಂದಿಗೆ 2012ರಲ್ಲಿ ಹುದ್ದೆ ಬಿಟ್ಟರು. ಅಷ್ಟು ಹೊತ್ತಿಗೆ ಅವರ ವಾರ್ಷಿಕ ಸಂಬಳ ಹತ್ತು ಲಕ್ಷ ಡಾಲರನ್ನು ದಾಟಿತ್ತು. ಒಬ್ಬ ಪ್ರತಿಭಾವಂತೆ ಮೇಲೇರಿದ ಕಥೆಯಾಗಿ ಇದನ್ನು ಹೇಳುವುದು ಸುಲಭ, ಹಾಗೆ ಹೇಳಿದವರೂ ಬಹಳ. ನನ್ನ ಕುತೂಹಲವಿರುವುದು ಆ ಹುದ್ದೆಯ ಮೇಲೆ. ಕಾಲೇಜಿನ ಮಹಿಳಾ ತಂಡಕ್ಕೆ ಕೋಚ್ ಆಗಿರುವುದು ಬಟ್ಟೆ ಒಗೆಯುವ ಕೆಲಸದಿಂದ ಕೋಟಿಗಟ್ಟಲೆ ರೂಪಾಯಿಯ ವೃತ್ತಿಯಾಗಿ ಬದಲಾದದ್ದು ಹೇಗೆ, ಅದರೊಳಗೆ ಏನೇನು ಕೆಲಸ ಅಡಗಿದೆ ಎಂಬುದನ್ನು ತಿಳಿಯಲು ಸಮಿಟ್ ಅವರ ವೃತ್ತಿಜೀವನಕ್ಕಿಂತ ಒಳ್ಳೆಯ ಕಿಟಕಿ ಇಲ್ಲ.

ಮೊದಲಿಗೆ ಅಮೆರಿಕದ ಕಾಲೇಜು ಕ್ರೀಡೆಯ ಸ್ವರೂಪವನ್ನು ಅರಿಯಬೇಕು, ಏಕೆಂದರೆ ನಮ್ಮ ಅನುಭವದ ಅಳತೆಗೋಲು ಅಲ್ಲಿ ಕೆಲಸಕ್ಕೆ ಬಾರದು. ಕರ್ನಾಟಕದ ಪದವಿ ಕಾಲೇಜುಗಳಲ್ಲಿ ಒಬ್ಬ ದೈಹಿಕ ಶಿಕ್ಷಣ ನಿರ್ದೇಶಕರು ಕಬಡ್ಡಿ, ಖೊಖೊ, ವಾಲಿಬಾಲ್, ಅಥ್ಲೆಟಿಕ್ಸ್ ಎಲ್ಲವನ್ನೂ ನೋಡಿಕೊಳ್ಳುತ್ತಾರೆ. ಅಂತರ ಕಾಲೇಜು ಪಂದ್ಯಾವಳಿ ಮುಗಿದರೆ ತಂಡವೂ ಚದುರುತ್ತದೆ. ಅಮೆರಿಕದ ದೊಡ್ಡ ವಿಶ್ವವಿದ್ಯಾಲಯಗಳಲ್ಲಿ ಕ್ರೀಡಾ ವಿಭಾಗ ಎಂಬುದು ಟಿಕೆಟ್ ಮಾರಾಟ, ಟಿವಿ ಪ್ರಸಾರದ ಹಕ್ಕು, ಹಳೆಯ ವಿದ್ಯಾರ್ಥಿಗಳ ದೇಣಿಗೆ ಇವುಗಳಿಂದ ನಡೆಯುವ ಒಂದು ಉದ್ಯಮ. ಪ್ರತಿ ಆಟಕ್ಕೂ, ಅದರಲ್ಲೂ ಪುರುಷರಿಗೂ ಮಹಿಳೆಯರಿಗೂ ಬೇರೆ ಬೇರೆ ಕೋಚ್‌ಗಳು, ಅವರಿಗೆ ಸಹಾಯಕರು, ಫಿಸಿಯೊಗಳು, ವಿಡಿಯೊ ವಿಶ್ಲೇಷಕರು ಇರುತ್ತಾರೆ. ಟೆನೆಸೀ ತಂಡ 1987ರಿಂದ ಆಡುತ್ತಿರುವ ಥಾಂಪ್ಸನ್-ಬೋಲಿಂಗ್ ಒಳಾಂಗಣದಲ್ಲಿ 20,000ಕ್ಕೂ ಹೆಚ್ಚು ಆಸನಗಳಿವೆ. ಒಂದು ರಾಜ್ಯದ ಸರ್ಕಾರಿ ವಿಶ್ವವಿದ್ಯಾಲಯ ತನ್ನ ವಿದ್ಯಾರ್ಥಿಗಳ ಆಟಕ್ಕೆ ಕಟ್ಟಿದ ಕಟ್ಟಡ ಇದು.

ಈ ವ್ಯವಸ್ಥೆಯ ಮೇಲಿರುವ ಸಂಸ್ಥೆ ಎನ್‌ಸಿಎಎ. ಅದರ ಅತ್ಯುನ್ನತ ಹಂತವಾದ ಡಿವಿಷನ್ ಒಂದರಲ್ಲಿ 350ಕ್ಕೂ ಹೆಚ್ಚು ಕಾಲೇಜುಗಳಿವೆ. ನವೆಂಬರ್‌ನಲ್ಲಿ ಆರಂಭವಾಗುವ ಬ್ಯಾಸ್ಕೆಟ್‌ಬಾಲ್ ಋತುವಿನಲ್ಲಿ ಪ್ರತಿ ತಂಡವೂ ಸುಮಾರು 30 ಪಂದ್ಯಗಳನ್ನಾಡುತ್ತದೆ; ಮಾರ್ಚ್‌ನಲ್ಲಿ ಆಯ್ದ 68 ತಂಡಗಳು ನಾಕೌಟ್ ಪಂದ್ಯಾವಳಿಗೆ ಇಳಿಯುತ್ತವೆ; ಕೊನೆಗೆ ಉಳಿಯುವ ನಾಲ್ಕು ತಂಡಗಳ ಹಂತಕ್ಕೆ ಫೈನಲ್ ಫೋರ್ ಎಂದು ಹೆಸರು. ಅಲ್ಲಿಗೆ ತಲುಪುವುದೇ ಒಬ್ಬ ಕೋಚ್‌ನ ಬದುಕಿನ ದೊಡ್ಡ ಸಾಧನೆ ಎನಿಸಿಕೊಳ್ಳುತ್ತದೆ. ಸಮಿಟ್ ಅವರ ತಂಡ ಎನ್‌ಸಿಎಎ ಫೈನಲ್ ಫೋರ್ ತಲುಪಿದ್ದು 18 ಬಾರಿ.

ಈಗ 1974ಕ್ಕೆ ಮರಳೋಣ. ಆಗ ಮಹಿಳಾ ಬ್ಯಾಸ್ಕೆಟ್‌ಬಾಲ್ ಎನ್‌ಸಿಎಎ ವ್ಯಾಪ್ತಿಯಲ್ಲೇ ಇರಲಿಲ್ಲ. ಬ್ಯಾಸ್ಕೆಟ್‌ಬಾಲ್ ಹುಟ್ಟಿದ ಮರುವರ್ಷವೇ, 1892ರಲ್ಲಿ, ಸೆಂಡಾ ಬೆರೆನ್ಸನ್ ಎಂಬ ಶಿಕ್ಷಕಿ ಮ್ಯಾಸಚೂಸೆಟ್ಸ್‌ನ ಸ್ಮಿತ್ ಕಾಲೇಜಿನ ಹುಡುಗಿಯರಿಗೆ ಈ ಆಟವನ್ನು ಕಲಿಸಿದ್ದರೂ, ಹೆಣ್ಣುಮಕ್ಕಳ ದೇಹ ಹೆಚ್ಚು ಓಟವನ್ನು ತಾಳದು ಎಂಬ ನಂಬಿಕೆಯಿಂದ ಅವರಿಗಾಗಿ ಬೇರೆಯದೇ ನಿಯಮಗಳು ಬೆಳೆದುಬಂದವು. ಟೆನೆಸೀ ರಾಜ್ಯದ ಪ್ರೌಢಶಾಲೆಗಳಲ್ಲಿ 1970ರ ದಶಕದ ಕೊನೆಯವರೆಗೂ ಹುಡುಗಿಯರು ಆರು ಜನರ ಆಟವನ್ನೇ ಆಡುತ್ತಿದ್ದರು. ತಂಡದ ಮೂವರು ಅಂಕಣದ ಒಂದು ಅರ್ಧದಲ್ಲಿ ನಿಂತು ರಕ್ಷಣೆ ಮಾತ್ರ ಮಾಡಬೇಕು, ಉಳಿದ ಮೂವರು ಇನ್ನೊಂದು ಅರ್ಧದಲ್ಲಿ ಬುಟ್ಟಿಗೆ ಚೆಂಡು ಹಾಕಬೇಕು. ನಡುಗೆರೆಯನ್ನು ಯಾರೂ ದಾಟುವಂತಿಲ್ಲ. ಇದರ ಪರಿಣಾಮ ಕಾಲೇಜಿನ ಕೋಚ್‌ಗೆ ನೇರವಾಗಿ ತಟ್ಟುತ್ತಿತ್ತು: ಹದಿನೆಂಟು ತುಂಬಿದ ಒಬ್ಬ ಅತ್ಯುತ್ತಮ ರಕ್ಷಕಿ ಕಾಲೇಜಿಗೆ ಬರುವ ಹೊತ್ತಿಗೆ ಪಂದ್ಯದಲ್ಲಿ ಒಮ್ಮೆಯೂ ಬುಟ್ಟಿಯತ್ತ ಚೆಂಡು ಎಸೆದಿರುತ್ತಿರಲಿಲ್ಲ. ಸಮಿಟ್ ಈ ಪದ್ಧತಿಯನ್ನು ಬಹಿರಂಗವಾಗಿ ವಿರೋಧಿಸಿದರು. 1979-80ರ ಋತುವಿನಲ್ಲಿ ಟೆನೆಸೀ ಶಾಲೆಗಳು ಐದು ಜನರ ಪೂರ್ಣ ಅಂಕಣದ ಆಟಕ್ಕೆ ಬದಲಾದವು.

ಅವರ ಸ್ವಂತ ಬಾಲ್ಯವೂ ಇದೇ ಕಾಲದ್ದು. 1952ರಲ್ಲಿ ಹುಟ್ಟಿದ ಅವರು ಬೆಳೆದದ್ದು ಹೈನುಗಾರಿಕೆ ಮತ್ತು ಹೊಗೆಸೊಪ್ಪಿನ ಬೇಸಾಯ ನಂಬಿದ ಒಂದು ಶಿಸ್ತಿನ ಮನೆಯಲ್ಲಿ. ಮೂವರು ಅಣ್ಣಂದಿರ ಜೊತೆ ಕೊಟ್ಟಿಗೆಯ ಹುಲ್ಲಿನ ಅಟ್ಟದಲ್ಲಿ ಕಟ್ಟಿದ್ದ ಬುಟ್ಟಿಗೆ ಚೆಂಡು ಹಾಕುತ್ತ ಆಟ ಕಲಿತರು. ಊರಿನ ಪ್ರೌಢಶಾಲೆಯಲ್ಲಿ ಹುಡುಗಿಯರ ತಂಡವಿಲ್ಲವೆಂದು ಅವರ ತಂದೆ ಇಡೀ ಸಂಸಾರವನ್ನು ಪಕ್ಕದ ಕೌಂಟಿಗೆ ಸಾಗಿಸಿದರು. ಅಣ್ಣಂದಿರಿಗೆ ಕಾಲೇಜಿನಲ್ಲಿ ಕ್ರೀಡಾ ವಿದ್ಯಾರ್ಥಿವೇತನ ದೊರೆತಿತ್ತು. ಆದರೆ ಮಾರ್ಟಿನ್ ಪಟ್ಟಣದ ಕಾಲೇಜಿಗೆ ಸೇರಿದ ತಂಗಿಗೆ ಮನೆಯವರೇ ಶುಲ್ಕ ಕಟ್ಟಬೇಕಾಯಿತು, ಏಕೆಂದರೆ ಹೆಣ್ಣುಮಕ್ಕಳಿಗೆ ಅಂಥದೊಂದು ವೇತನವೇ ಇರಲಿಲ್ಲ. ಅಲ್ಲಿ ಆಡುವಾಗ ತಂಡಕ್ಕಿದ್ದದ್ದು ಒಂದೇ ಜೊತೆ ಜೆರ್ಸಿ. ಒಮ್ಮೆ ಮೂರು ಪಂದ್ಯಗಳನ್ನು ಒಗೆಯದ ಅದೇ ಬಟ್ಟೆಯಲ್ಲಿ ಆಡಿದ್ದರು.

ಈ ಸ್ಥಿತಿಯನ್ನು ಕದಲಿಸಿದ್ದು ಒಂದು ಕಾನೂನು. 1972ರ ಜೂನ್ 23ರಂದು ಅಧ್ಯಕ್ಷ ನಿಕ್ಸನ್ ಸಹಿ ಹಾಕಿದ ಶಿಕ್ಷಣ ತಿದ್ದುಪಡಿಗಳ ಒಂಬತ್ತನೆಯ ಅಧ್ಯಾಯ, ಅಂದರೆ ಟೈಟಲ್ ನೈನ್, ಕೇಂದ್ರ ಸರ್ಕಾರದ ಹಣ ಪಡೆಯುವ ಯಾವುದೇ ಶಿಕ್ಷಣ ಕಾರ್ಯಕ್ರಮದಲ್ಲಿ ಲಿಂಗದ ಆಧಾರದ ಮೇಲೆ ತಾರತಮ್ಯ ಮಾಡಬಾರದು ಎನ್ನುತ್ತದೆ. ಇಂಗ್ಲಿಷಿನಲ್ಲಿ 37 ಪದಗಳಿರುವ ಅದರ ಮೂಲ ವಾಕ್ಯದಲ್ಲಿ ಕ್ರೀಡೆಯ ಪ್ರಸ್ತಾಪವೇ ಇಲ್ಲ. ಆದರೆ ಅಮೆರಿಕದಲ್ಲಿ ಆಟ ನಡೆಯುವುದು ಶಾಲೆ ಕಾಲೇಜುಗಳ ಒಳಗೆ. ಅವು ನಡೆಯುವುದು ಸರ್ಕಾರದ ಹಣದ ನೆರವಿನಿಂದ. ಹೀಗಾಗಿ ಆಟದ ಅಂಗಳವೂ ಈ ಕಾನೂನಿನ ಹಿಡಿತಕ್ಕೆ ಬಂತು. ಕಾಲೇಜುಗಳು 1978ರೊಳಗೆ ತಮ್ಮ ಕ್ರೀಡಾ ವಿಭಾಗಗಳನ್ನು ಇದಕ್ಕೆ ಹೊಂದಿಸಿಕೊಳ್ಳಬೇಕಾಯಿತು. ಎಲ್ಲರೂ ಸಂತೋಷದಿಂದ ಹೊಂದಿಕೊಂಡರು ಎಂದೇನೂ ಭಾವಿಸಬೇಕಿಲ್ಲ. 1984ರಲ್ಲಿ ಸುಪ್ರೀಂ ಕೋರ್ಟು ಗ್ರೋವ್ ಸಿಟಿ ಕಾಲೇಜಿನ ಪ್ರಕರಣದಲ್ಲಿ, ನೇರವಾಗಿ ಹಣ ಪಡೆಯುವ ವಿಭಾಗಕ್ಕೆ ಮಾತ್ರ ಈ ಕಾನೂನು ಅನ್ವಯವಾಗುತ್ತದೆ ಎಂದಾಗ ಕ್ರೀಡಾ ವಿಭಾಗಗಳು ಜಾರಿಕೊಳ್ಳಲು ದಾರಿಯಾಯಿತು. ಆ ದಾರಿಯನ್ನು ಸಂಸತ್ತು 1988ರಲ್ಲಿ ಹೊಸ ಶಾಸನದ ಮೂಲಕ ಮುಚ್ಚಿತು. 1971-72ರಲ್ಲಿ ದೇಶದ ಪ್ರೌಢಶಾಲೆಗಳಲ್ಲಿ ಆಟವಾಡುವ ಹುಡುಗಿಯರ ಸಂಖ್ಯೆ 3 ಲಕ್ಷಕ್ಕಿಂತ ಕಡಿಮೆಯಿತ್ತು, ಇಂದು ಅದು 30 ಲಕ್ಷವನ್ನು ಮೀರಿದೆ. ಕಾಲೇಜು ಕೋಚ್‌ಗೆ ಈ ಅಂಕಿಯ ಅರ್ಥ ಸರಳ: ಆರಿಸಿಕೊಳ್ಳಲು ಆಟಗಾರ್ತಿಯರಿದ್ದಾರೆ.

ಸಮಿಟ್ ಅವರ ಮೊದಲ ಪಂದ್ಯ 1974ರ ಡಿಸೆಂಬರ್‌ನಲ್ಲಿ ಮರ್ಸರ್ ವಿಶ್ವವಿದ್ಯಾಲಯದ ವಿರುದ್ಧ ನಡೆಯಿತು; ಟೆನೆಸೀ 84-83ರಿಂದ, ಒಂದೇ ಒಂದು ಅಂಕದಿಂದ ಸೋತಿತು. ತಂಡದ ಕೆಲವು ಆಟಗಾರ್ತಿಯರು ಅವರಿಗಿಂತ ಒಂದು ವರ್ಷವಷ್ಟೇ ಚಿಕ್ಕವರು. ಆ ವರ್ಷ ಅವರು ಏಕಕಾಲಕ್ಕೆ ನಾಲ್ಕು ಜನರಾಗಿದ್ದರು ಎನ್ನಬೇಕು: ಸ್ನಾತಕೋತ್ತರ ವಿದ್ಯಾರ್ಥಿನಿ, ದೈಹಿಕ ಶಿಕ್ಷಣದ ತರಗತಿ ತೆಗೆದುಕೊಳ್ಳುವ ಅಧ್ಯಾಪಕಿ, ತಂಡದ ಕೋಚ್, ಮತ್ತು ಕಾಲೇಜಿನ ಕೊನೆಯ ವರ್ಷದಲ್ಲಿ ಮೊಣಕಾಲಿನ ಅಸ್ಥಿರಜ್ಜು ಹರಿದುಕೊಂಡು ಮತ್ತೆ ಒಲಿಂಪಿಕ್ಸ್‌ಗೆ ಸಿದ್ಧವಾಗುತ್ತಿದ್ದ ಆಟಗಾರ್ತಿ. ಆ ಋತುವನ್ನು ತಂಡ 16 ಗೆಲುವು, 8 ಸೋಲುಗಳೊಂದಿಗೆ ಮುಗಿಸಿತು. ಮಹಿಳಾ ಬ್ಯಾಸ್ಕೆಟ್‌ಬಾಲ್ ಮೊದಲ ಬಾರಿಗೆ ಒಲಿಂಪಿಕ್ಸ್‌ಗೆ ಸೇರಿದ 1976ರ ಮಾಂಟ್ರಿಯಲ್ ಕ್ರೀಡಾಕೂಟದಲ್ಲಿ ಅವರು ಬೆಳ್ಳಿ ಗೆದ್ದ ಅಮೆರಿಕ ತಂಡದ ಸಹನಾಯಕಿಯಾಗಿದ್ದರು. 1984ರ ಲಾಸ್ ಏಂಜಲಿಸ್‌ನಲ್ಲಿ ಚಿನ್ನ ಗೆದ್ದ ತಂಡಕ್ಕೆ ಕೋಚ್ ಆದರು.

ಆ ಕಾಲದಲ್ಲಿ ಮಹಿಳಾ ಕಾಲೇಜು ಕ್ರೀಡೆಯನ್ನು ನಡೆಸುತ್ತಿದ್ದದ್ದು ಮಹಿಳೆಯರೇ ಕಟ್ಟಿದ ಎಐಎಡಬ್ಲ್ಯು ಎಂಬ ಸಂಸ್ಥೆ. ಪುರುಷರ ಕ್ರೀಡೆಯಲ್ಲಿದ್ದ ಹಣದ ಹಾವಳಿ ಇಲ್ಲಿಗೆ ನುಸುಳಬಾರದೆಂದು ಅದು ಆರಂಭದಲ್ಲಿ ಕ್ರೀಡಾ ವಿದ್ಯಾರ್ಥಿವೇತನವನ್ನೇ ನಿಷೇಧಿಸಿತ್ತು; ಆಟಗಾರ್ತಿಯರು ಕೋರ್ಟಿಗೆ ಹೋದ ಮೇಲೆ 1973ರಲ್ಲಿ ಆ ನಿಯಮ ಬಿಡಬೇಕಾಯಿತು. ಟೈಟಲ್ ನೈನ್ ಕ್ರೀಡೆಗೆ ಅನ್ವಯಿಸುವುದನ್ನು ವಿರೋಧಿಸಿದ್ದ ಎನ್‌ಸಿಎಎಯೇ ಮುಂದೆ ಮಹಿಳಾ ಪಂದ್ಯಾವಳಿಗಳ ಬೆಲೆ ಅರಿತು 1982ರಲ್ಲಿ ತನ್ನದೇ ಮಹಿಳಾ ಬ್ಯಾಸ್ಕೆಟ್‌ಬಾಲ್ ಚಾಂಪಿಯನ್‌ಶಿಪ್ ಆರಂಭಿಸಿತು. ಹಣ, ಟಿವಿ ಎರಡೂ ಆ ಕಡೆಗಿದ್ದವು. ಎಐಎಡಬ್ಲ್ಯು ಬಾಗಿಲು ಮುಚ್ಚಿತು. ಇದರಿಂದ ಆಟಕ್ಕೆ ಬಲ ಬಂತೆಂಬುದು ನಿಜ, ಆದರೆ ಆಡಳಿತದ ಕುರ್ಚಿಗಳು ಮಹಿಳೆಯರ ಕೈತಪ್ಪಿದ್ದೂ ಆಗಲೇ. ಈ ಎರಡನೆಯ ಸಂಗತಿಯನ್ನು ಮುಂದೆ ಮತ್ತೆ ನೋಡಬೇಕಾಗುತ್ತದೆ.

ಇಷ್ಟಾದ ಮೇಲೆ ಕೋಚ್ ಆದವರು ದಿನವಿಡೀ ಮಾಡುವ ಕೆಲಸವೇನು ಎಂಬ ಪ್ರಶ್ನೆಗೆ ಬರೋಣ. ಟಿವಿಯಲ್ಲಿ ಕಾಣುವುದು ಅಂಕಣದ ಅಂಚಿನಲ್ಲಿ ನಿಂತು ಕೂಗುವ ವ್ಯಕ್ತಿ. ವಾಸ್ತವದಲ್ಲಿ ಆ 40 ನಿಮಿಷಗಳು ವೃತ್ತಿಯ ಸಣ್ಣ ಭಾಗ. ಅತಿ ಹೆಚ್ಚು ಸಮಯ ತಿನ್ನುವುದು ಆಟಗಾರ್ತಿಯರನ್ನು ಹುಡುಕಿ ಒಲಿಸಿಕೊಂಡು ತರುವ ಕೆಲಸ; ಅಲ್ಲಿನ ಮಾತಿನಲ್ಲಿ ರಿಕ್ರೂಟಿಂಗ್. ವೃತ್ತಿಪರ ಲೀಗ್‌ಗಳಲ್ಲಿರುವಂತೆ ಇಲ್ಲಿ ಆಟಗಾರರ ಹಂಚಿಕೆ ಇಲ್ಲ. ಹದಿನಾರು ಹದಿನೇಳರ ಹುಡುಗಿಯೊಬ್ಬಳು ದೇಶದ ಯಾವ ಕಾಲೇಜನ್ನು ಬೇಕಾದರೂ ಆರಿಸಿಕೊಳ್ಳಬಹುದು. ಅವಳ ಶಾಲೆಯ ಪಂದ್ಯಗಳನ್ನು ನೋಡಲು, ಪತ್ರ ಬರೆಯಲು, ಅವಳ ಮನೆಗೆ ಹೋಗಿ ತಂದೆತಾಯಿಯೊಡನೆ ಮಾತಾಡಲು ಯಾವ ತಿಂಗಳಲ್ಲಿ ಅನುಮತಿ ಇದೆ, ಯಾವ ತಿಂಗಳಲ್ಲಿ ಇಲ್ಲ ಎಂಬುದಕ್ಕೆಲ್ಲ ಎನ್‌ಸಿಎಎ ನಿಯಮಗಳಿವೆ. ನಮ್ಮಲ್ಲಿ ಹೆಣ್ಣು ನೋಡುವ ಶಾಸ್ತ್ರದಂತೆ ಬಂದವರು ಸೋಫಾದ ಅಂಚಿನಲ್ಲಿ ಕುಳಿತು ಮನೆಯವರ ಪ್ರಶ್ನೆಗಳಿಗೆ ಉತ್ತರಿಸಬೇಕು. ವ್ಯತ್ಯಾಸವೆಂದರೆ ಇಲ್ಲಿ ಪರೀಕ್ಷೆಗೆ ಒಳಗಾಗುವವರು ಬಂದವರೇ.

ಈ ಕೆಲಸ ಎಷ್ಟರ ಮಟ್ಟಿಗೆ ಆಳುತ್ತದೆ ಎಂಬುದಕ್ಕೆ 1990ರ ಸೆಪ್ಟೆಂಬರ್‌ನ ಒಂದು ಘಟನೆ ಸಾಕು. ತುಂಬು ಗರ್ಭಿಣಿಯಾಗಿದ್ದ ಸಮಿಟ್ ಪೆನ್ಸಿಲ್ವೇನಿಯಾದಲ್ಲಿದ್ದ ಮಿಶೆಲ್ ಮಾರ್ಸಿನಿಯಾಕ್ ಎಂಬ ಆಟಗಾರ್ತಿಯ ಮನೆಗೆ ವಿಮಾನದಲ್ಲಿ ಹೋಗಿದ್ದರು. ಅಲ್ಲಿರುವಾಗಲೇ ಹೆರಿಗೆಯ ಲಕ್ಷಣಗಳು ಕಾಣಿಸಿಕೊಂಡವು. ಮಾತು ಮುಗಿಸಿಯೇ ವಿಮಾನ ಹತ್ತಿದರು. ದಾರಿಯಲ್ಲಿ ವರ್ಜೀನಿಯಾದಲ್ಲಿ ಇಳಿಯುವ ಸಲಹೆ ಬಂದಾಗ ಅವರು ಒಪ್ಪಲಿಲ್ಲ. ಆ ವರ್ಷವೇ ಮಾರ್ಚ್‌ನಲ್ಲಿ ಟೆನೆಸೀ ತಂಡವನ್ನು ಪಂದ್ಯಾವಳಿಯಿಂದ ಹೊರಗಟ್ಟಿದ್ದದ್ದು ವರ್ಜೀನಿಯಾ ವಿಶ್ವವಿದ್ಯಾಲಯ! ಮಗ ಹುಟ್ಟಿದ್ದು ನಾಕ್ಸ್‌ವಿಲ್ ತಲುಪಿದ ಮೇಲೆ. ಇಷ್ಟೆಲ್ಲ ಆದರೂ ಆ ಆಟಗಾರ್ತಿ ಮೊದಲು ಸೇರಿದ್ದು ನೋಟ್ರ್ ಡೇಮ್ ವಿಶ್ವವಿದ್ಯಾಲಯವನ್ನು ಎಂಬುದನ್ನು ಈ ಕಥೆ ಹೇಳುವವರು ಮರೆತುಬಿಡುತ್ತಾರೆ. ಒಂದು ವರ್ಷದ ನಂತರ ಅವರು ಟೆನೆಸೀಗೆ ಬಂದರು, 1996ರ ಪ್ರಶಸ್ತಿ ಗೆದ್ದಾಗ ಫೈನಲ್ ಫೋರ್‌ನ ಅತ್ಯುತ್ತಮ ಆಟಗಾರ್ತಿ ಎನಿಸಿಕೊಂಡರು. ಈ ಘಟನೆಯನ್ನು ಸಾಹಸವೆಂದು ಕೊಂಡಾಡುವುದು ರೂಢಿ; ಅಂಥ ದಿನಗಳಲ್ಲೂ ಮನೆಯಲ್ಲಿರಲಾಗದಂತೆ ಒಂದು ಹುದ್ದೆ ರೂಪುಗೊಂಡಿತ್ತು ಎಂಬುದೂ ಅದರಲ್ಲೇ ಇದೆ.

ಎರಡನೆಯದು ಅಭ್ಯಾಸ. 1990ರ ದಶಕದಿಂದ ಎನ್‌ಸಿಎಎ ನಿಯಮದಂತೆ ಋತುವಿನಲ್ಲಿ ಆಟಗಾರರ ಕಡ್ಡಾಯ ಅಭ್ಯಾಸ ವಾರಕ್ಕೆ 20 ಗಂಟೆ ಮೀರುವಂತಿಲ್ಲ. ಆದ್ದರಿಂದ ಕೋಚ್‌ನ ಜಾಣತನವೆಲ್ಲ ಆ 20 ಗಂಟೆಗಳಲ್ಲಿ ಏನನ್ನು ತುಂಬಬೇಕು ಎಂಬುದರಲ್ಲಿದೆ. ಸಮಿಟ್ ತಮ್ಮ ತಂಡವನ್ನು ವಿಶ್ವವಿದ್ಯಾಲಯದ ಹುಡುಗರ ವಿರುದ್ಧ ಆಡಿಸಿ ಪಳಗಿಸುತ್ತಿದ್ದರು. ತಮಗಿಂತ ಎತ್ತರದ, ವೇಗದ ದೇಹಗಳೆದುರು ದಿನವೂ ಚೆಂಡು ಕಿತ್ತುಕೊಂಡವರಿಗೆ ಪಂದ್ಯದ ದಿನ ಎದುರಾಳಿ ತುಸು ನಿಧಾನವಾಗಿಯೇ ಕಾಣುತ್ತಾಳೆ. ಅವರ ಒತ್ತು ಇದ್ದದ್ದು ರಕ್ಷಣೆ ಮತ್ತು ರಿಬೌಂಡ್ ಮೇಲೆ. ಬುಟ್ಟಿಗೆ ತಾಗಿ ಹಿಂದೆ ಚಿಮ್ಮಿದ ಚೆಂಡನ್ನು ಹಿಡಿಯುವುದಕ್ಕೆ ರಿಬೌಂಡ್ ಎನ್ನುತ್ತಾರೆ. ಎಸೆತ ಬುಟ್ಟಿಗೆ ಬೀಳುವುದು, ಬೀಳದಿರುವುದು ಆ ದಿನದ ಕೈಗುಣ. ರಿಬೌಂಡ್ ಹಾಗಲ್ಲ, ಅದಕ್ಕೆ ಬೇಕಾದದ್ದು ಜಾಗ ಹಿಡಿದು ನಿಲ್ಲುವ ಹಟ. ಅಭ್ಯಾಸದಿಂದ ಹೆಚ್ಚಿಸಬಹುದಾದದ್ದು ಅದೇ ಆದ್ದರಿಂದ ಅವರು ಅದರ ಬೆನ್ನು ಹತ್ತಿದರು. ಆಟಗಾರ್ತಿಯರು ಇಂದಿಗೂ ಹೇಳುವ ಇನ್ನೊಂದು ವಿಷಯ ಅವರ ದೃಷ್ಟಿ. ತಪ್ಪು ಮಾಡಿದವಳನ್ನು ನೀಲಿ ಕಣ್ಣುಗಳಿಂದ ಅವರು ದಿಟ್ಟಿಸುತ್ತಿದ್ದ ಬಗೆ ಬೈಗುಳಕ್ಕಿಂತ ಕಠಿಣವಾಗಿತ್ತಂತೆ.

ಮೂರನೆಯದನ್ನು ಹೊರಗಿನವರು ಗಮನಿಸುವುದಿಲ್ಲ. ಇವರು ವಿದ್ಯಾರ್ಥಿನಿಯರು; ತರಗತಿಗೆ ಹೋಗಬೇಕು, ಪಾಸಾಗಬೇಕು, ಇಲ್ಲವಾದರೆ ಆಡುವ ಅರ್ಹತೆಯೇ ಹೋಗುತ್ತದೆ. ಸಮಿಟ್ ಅವರ ನಿಯಮ ಎರಡೇ ಮಾತಿನದು: ಕಾರಣವಿಲ್ಲದೆ ತರಗತಿ ತಪ್ಪಿಸುವಂತಿಲ್ಲ, ತರಗತಿಯಲ್ಲಿ ಮೊದಲ ಮೂರು ಸಾಲುಗಳಲ್ಲೇ ಕುಳಿತುಕೊಳ್ಳಬೇಕು. ಆರಡಿಗೂ ಮಿಕ್ಕ ಹುಡುಗಿಯರು ಮುಂದೆ ಕೂತು ಹಿಂದಿನವರಿಗೆ ಬೋರ್ಡು ಮರೆಮಾಡಿದ ದೃಶ್ಯವನ್ನು ಊಹಿಸಿಕೊಂಡರೆ ನಗು ಬರುತ್ತದೆ, ಆದರೆ ಫಲ ನಗುವಂಥದ್ದಲ್ಲ. ಅವರ ತಂಡದಲ್ಲಿ ಪೂರ್ಣಾವಧಿ ಆಡಿ ಮುಗಿಸಿದ ಪ್ರತಿಯೊಬ್ಬ ಆಟಗಾರ್ತಿಯೂ ಪದವಿ ಪಡೆದರು. 38 ವರ್ಷಗಳ ದಾಖಲೆಗಳಲ್ಲಿ ನನಗೆ ಎಲ್ಲಕ್ಕಿಂತ ದೊಡ್ಡದಾಗಿ ಕಾಣುವುದು ಇದು. ವೃತ್ತಿಪರ ಲೀಗ್ ತಲುಪುವವರು ಕೈಬೆರಳೆಣಿಕೆಯವರು. ಉಳಿದವರ ಕೈಯಲ್ಲಿ ಉಳಿಯುವುದು ಆ ಪದವಿಯೇ.

ಇನ್ನು ಗೆಲುವಿನ ಮಾತು. ಅಂಕಿ ಅಂಶಗಳನ್ನು ಒಟ್ಟಾಗಿ ನೋಡಿದಾಗ ಸಮಿಟ್ ಹುಟ್ಟುತ್ತಲೇ ಗೆದ್ದವರಂತೆ ಕಾಣುತ್ತಾರೆ. ಆದರೆ 1977ರಿಂದ 1986ರವರೆಗೆ ಅವರ ತಂಡ ಕೊನೆಯ ನಾಲ್ಕರ ಹಂತಕ್ಕೆ ಏಳು ಬಾರಿ ಹೋಗಿ ಏಳು ಬಾರಿಯೂ ಬರಿಗೈಯಲ್ಲಿ ಮರಳಿತ್ತು. ಇದರಲ್ಲಿ 1980, 1981 ಮತ್ತು 1984ರಲ್ಲಿ ಫೈನಲ್‌ನಲ್ಲೇ ಸೋತಿತ್ತು. ಮೊದಲ ಪ್ರಶಸ್ತಿ ಬಂದದ್ದು ಹದಿಮೂರನೆಯ ಋತುವಿನಲ್ಲಿ, 1987ರಲ್ಲಿ, ಲೂಸಿಯಾನ ಟೆಕ್ ತಂಡವನ್ನು 67-44ರಿಂದ ಸೋಲಿಸಿದಾಗ. ಇಂದು ಮೂರು ವರ್ಷ ಪ್ರಶಸ್ತಿ ಬಾರದಿದ್ದರೆ ದೇಣಿಗೆದಾರರು ಗೊಣಗತೊಡಗುತ್ತಾರೆ. ಅಂದು ಯಾರ ಗಮನವೂ ಇಲ್ಲದಿದ್ದುದೇ ಒಂದು ರೀತಿಯಲ್ಲಿ ಅವರಿಗೆ ಹದಿಮೂರು ವರ್ಷಗಳ ಕಾಲಾವಕಾಶ ಕೊಟ್ಟಿತು ಎನಿಸುತ್ತದೆ.

ನಂತರ 1989, 1991, 1996, 1997, 1998, 2007 ಮತ್ತು 2008ರಲ್ಲಿ ಪ್ರಶಸ್ತಿಗಳು ಬಂದವು. ಇವುಗಳಲ್ಲಿ ಚಮೀಕ್ ಹೋಲ್ಡ್ಸ್‌ಕ್ಲಾ, ಟಮೀಕಾ ಕ್ಯಾಚಿಂಗ್ಸ್ ಮತ್ತು ಸಮೀಕಾ ರಾಂಡಲ್ ಜೊತೆಗೂಡಿ ಆಡಿ 39 ಪಂದ್ಯಗಳಲ್ಲಿ 39ನ್ನೂ ಗೆದ್ದ 1997-98ರ ತಂಡವನ್ನು ಎಲ್ಲರೂ ನೆನೆಯುತ್ತಾರೆ. ಕೋಚ್ ಎಂದರೇನು ಎಂದು ತಿಳಿಯಲು ಮಾತ್ರ ಅದರ ಹಿಂದಿನ ವರ್ಷವನ್ನು ನೋಡಬೇಕು. 1996-97ರಲ್ಲಿ ಅವರ ತಂಡ 10 ಪಂದ್ಯಗಳನ್ನು ಸೋತಿತ್ತು. ಟೆನೆಸೀ ಮಟ್ಟಿಗೆ ಅದು ನಾಚಿಕೆಯ ಸಂಖ್ಯೆ. ಆದರೂ ಮಾರ್ಚ್ ಹೊತ್ತಿಗೆ ತಂಡ ಕೂಡಿಬಂತು. ಅದುವರೆಗೆ ಒಂದೂ ಪಂದ್ಯ ಸೋಲದಿದ್ದ ಕನೆಕ್ಟಿಕಟ್ ತಂಡವನ್ನು 91-81ರಿಂದ, ಫೈನಲ್‌ನಲ್ಲಿ ಓಲ್ಡ್ ಡೊಮಿನಿಯನ್ ತಂಡವನ್ನು 68-59ರಿಂದ ಮಣಿಸಿ ಪ್ರಶಸ್ತಿ ಉಳಿಸಿಕೊಂಡಿತು. ಪ್ರತಿಭೆ ತುಂಬಿ ತುಳುಕುವ ತಂಡವನ್ನು ಗೆಲ್ಲಿಸುವುದಕ್ಕೂ, ಡಿಸೆಂಬರ್‌ನಲ್ಲಿ ಒಡೆದ ತಂಡವನ್ನು ಮಾರ್ಚ್‌ಗೆ ಕಟ್ಟಿ ನಿಲ್ಲಿಸುವುದಕ್ಕೂ ಬಹಳ ಅಂತರವಿದೆ.

ಕನೆಕ್ಟಿಕಟ್ ಹೆಸರು ಬಂದ ಮೇಲೆ ಅದರ ಕೋಚ್ ಜೀನೊ ಆರಿಯೆಮ್ಮಾ ಅವರನ್ನು ಬಿಡುವಂತಿಲ್ಲ. 1995ರ ಜನವರಿ 16ರಂದು ಈ ಎರಡು ತಂಡಗಳು ಮೊದಲ ಬಾರಿಗೆ ಎದುರಾದಾಗ ಕನೆಕ್ಟಿಕಟ್ 77-66ರಿಂದ ಗೆದ್ದಿತು. ಅಲ್ಲಿಂದ 2007ರವರೆಗೆ ಪ್ರತಿ ವರ್ಷ ನಡೆದ ಈ ಹಣಾಹಣಿಯು ಮಹಿಳಾ ಬ್ಯಾಸ್ಕೆಟ್‌ಬಾಲ್‌ಗೆ ಟಿವಿಯಲ್ಲಿ ಖಾಯಂ ಜಾಗ ಕೊಡಿಸಿತು. ಇಬ್ಬರ ನಡುವಿನ ವೈಮನಸ್ಯವನ್ನು ಪತ್ರಿಕೆಗಳು ಉಪ್ಪು ಖಾರ ಹಚ್ಚಿ ಬರೆದವು, ಓದುಗರೂ ಚಪ್ಪರಿಸಿದರು. ಟಿವಿ ಬಂದಲ್ಲಿ ಹಣ ಬಂತು. 2006ರಲ್ಲಿ ಸಮಿಟ್ ವರ್ಷಕ್ಕೆ ಹತ್ತು ಲಕ್ಷ ಡಾಲರ್ ಮೀರಿದ ಸಂಬಳ ಪಡೆದ ಮೊದಲ ಮಹಿಳಾ ಬ್ಯಾಸ್ಕೆಟ್‌ಬಾಲ್ ಕೋಚ್ ಆದರು. ಅದಕ್ಕೂ ಮೊದಲೇ ಅವರಿಗೆ ಟೆನೆಸೀಯ ಪುರುಷರ ತಂಡವನ್ನು ವಹಿಸಿಕೊಳ್ಳುವ ಪ್ರಸ್ತಾಪ ಬಂದಿತ್ತು. ಅದನ್ನು ಏಕೆ ಬಡ್ತಿ ಎಂದು ಭಾವಿಸಬೇಕು ಎಂಬುದು ಅವರ ಮರುಪ್ರಶ್ನೆಯಾಗಿತ್ತು.

ಆದರೆ ಹುದ್ದೆಗೆ ಬೆಲೆ ಬಂದಾಗ ಇನ್ನೊಂದೂ ಆಯಿತು. ಟೈಟಲ್ ನೈನ್ ಜಾರಿಯಾದ 1972ರಲ್ಲಿ ಕಾಲೇಜುಗಳ ಮಹಿಳಾ ತಂಡಗಳಲ್ಲಿ ಶೇಕಡ 90ಕ್ಕೂ ಹೆಚ್ಚು ತಂಡಗಳಿಗೆ ಮಹಿಳೆಯರೇ ಕೋಚ್ ಆಗಿದ್ದರು. ಇಂದು ಎಲ್ಲ ಆಟಗಳನ್ನೂ ಒಟ್ಟಿಗೆ ಲೆಕ್ಕ ಹಾಕಿದರೆ ಆ ಪ್ರಮಾಣ ಅರ್ಧಕ್ಕಿಂತ ಕೆಳಗಿದೆ. ಕಾರಣ ಗೂಢವೇನಲ್ಲ. ಸಂಬಳವಿಲ್ಲದ, ಬಟ್ಟೆ ಒಗೆಯುವ ಕೆಲಸವಾಗಿದ್ದಾಗ ಅದಕ್ಕೆ ಸ್ಪರ್ಧಿಗಳಿರಲಿಲ್ಲ. ಸಂಬಳ ಬಂದ ಮೇಲೆ ಪುರುಷರೂ ಅರ್ಜಿ ಹಾಕಿದರು. ಅಷ್ಟರಲ್ಲಿ ಪುರುಷ ಮತ್ತು ಮಹಿಳಾ ಕ್ರೀಡಾ ವಿಭಾಗಗಳು ವಿಲೀನಗೊಂಡು ನೇಮಕ ಮಾಡುವ ಕುರ್ಚಿಯಲ್ಲಿ ಹೆಚ್ಚಾಗಿ ಪುರುಷರೇ ಕುಳಿತಿದ್ದರು. ಪುರುಷರ ತಂಡಗಳ ಬಾಗಿಲು ಮಹಿಳಾ ಕೋಚ್‌ಗಳಿಗೆ ಇಂದಿಗೂ ಹೆಚ್ಚುಕಡಿಮೆ ಮುಚ್ಚಿಯೇ ಇದೆ. ಬ್ಯಾಸ್ಕೆಟ್‌ಬಾಲ್‌ನಲ್ಲಿ ಮಹಿಳೆಯರ ಪಾಲು ಉಳಿದ ಹಲವು ಆಟಗಳಿಗಿಂತ ಉತ್ತಮವಾಗಿರುವುದಕ್ಕೆ ಸಮಿಟ್ ಅವರ ಕೈಕೆಳಗೆ ಆಡಿದ, ಸಹಾಯಕರಾಗಿದ್ದ ಹತ್ತಾರು ಮಹಿಳೆಯರು ಕೋಚ್‌ಗಳಾಗಿ ಹೊರಬಂದದ್ದೂ ಒಂದು ಕಾರಣ.

2011ರ ಆಗಸ್ಟ್‌ನಲ್ಲಿ, 59ನೆಯ ವಯಸ್ಸಿನಲ್ಲಿ, ತಮಗೆ ಆಲ್ಝೈಮರ್ಸ್ ಮಾದರಿಯ ಮರೆವಿನ ಕಾಯಿಲೆಯ ಆರಂಭ ಕಾಣಿಸಿದೆ ಎಂದು ಸಮಿಟ್ ಬಹಿರಂಗವಾಗಿ ಹೇಳಿದರು. ಪಂದ್ಯದ ನಡುವೆ ಯಾವ ಆಟದ ವ್ಯೂಹ ಕರೆಯಬೇಕೆಂಬುದೇ ಮರೆಯತೊಡಗಿತ್ತು. ಎದುರಾಳಿಯ ನಡೆ, ತನ್ನ ಹನ್ನೆರಡು ಹದಿಮೂರು ಹುಡುಗಿಯರ ದಣಿವು, ಉಳಿದ ಟೈಮ್‌ಔಟ್‌ಗಳ ಲೆಕ್ಕ, ಇವೆಲ್ಲವನ್ನೂ ಒಂದೇ ಕ್ಷಣದಲ್ಲಿ ತಲೆಯಲ್ಲಿ ಹಿಡಿದಿಡಬೇಕಾದ ವೃತ್ತಿಗೆ ಇದಕ್ಕಿಂತ ಕ್ರೂರವಾದ ಕಾಯಿಲೆ ಇರಲಾರದು. ಆದರೂ ಸಹಾಯಕರ ನೆರವಿನಿಂದ ಇನ್ನೊಂದು ಋತುವನ್ನು ನಡೆಸಿದರು. ಅವರ ಕೊನೆಯ ಪಂದ್ಯ 2012ರ ಮಾರ್ಚ್‌ನಲ್ಲಿ ಬೇಲರ್ ವಿಶ್ವವಿದ್ಯಾಲಯದ ವಿರುದ್ಧ ನಡೆಯಿತು. ಟೆನೆಸೀ 77-58ರಿಂದ ಸೋತಿತು. ಬೇಲರ್ ತಂಡದ ಕೋಚ್ ಕಿಮ್ ಮಲ್ಕಿ 1984ರ ಒಲಿಂಪಿಕ್ಸ್‌ನಲ್ಲಿ ಇದೇ ಸಮಿಟ್ ಅವರ ತಂಡದಲ್ಲಿ ಆಡಿ ಚಿನ್ನ ಗೆದ್ದವರು. ಸಮಿಟ್ 2016ರ ಜೂನ್ 28ರಂದು, 64ನೆಯ ವಯಸ್ಸಿನಲ್ಲಿ ತೀರಿಕೊಂಡರು.

ಅವರ ಗೆಲುವಿನ ದಾಖಲೆಯನ್ನು 2020ರ ಡಿಸೆಂಬರ್‌ನಲ್ಲಿ ಸ್ಟ್ಯಾನ್‌ಫರ್ಡ್‌ನ ಟಾರಾ ವ್ಯಾನ್‌ಡರ್‌ವೀರ್ ದಾಟಿದರು. 1,216 ಗೆಲುವುಗಳೊಂದಿಗೆ 2024ರಲ್ಲಿ ನಿವೃತ್ತರಾದ ಅವರನ್ನು ಅದೇ ವರ್ಷ ನವೆಂಬರ್‌ನಲ್ಲಿ ಆರಿಯೆಮ್ಮಾ ದಾಟಿದರು. ಸೌತ್ ಕ್ಯಾರೊಲೈನಾ ವಿಶ್ವವಿದ್ಯಾಲಯಕ್ಕೆ ಮೂರು ಪ್ರಶಸ್ತಿ ಗೆದ್ದುಕೊಟ್ಟ ಡಾನ್ ಸ್ಟೇಲಿ 2025ರಲ್ಲಿ ಸಹಿ ಹಾಕಿದ ಒಪ್ಪಂದದ ಮೊತ್ತ ವರ್ಷಕ್ಕೆ ಸುಮಾರು 40 ಲಕ್ಷ ಡಾಲರ್. ಅವರ ತಂಡ ಅಯೋವಾವನ್ನು ಸೋಲಿಸಿದ 2024ರ ಫೈನಲ್ ಪಂದ್ಯವನ್ನು ಟಿವಿಯಲ್ಲಿ ಸರಾಸರಿ 1.89 ಕೋಟಿ ಜನ ನೋಡಿದರು. ಆ ವರ್ಷ ಪುರುಷರ ಫೈನಲ್‌ಗೆ ಅಷ್ಟು ವೀಕ್ಷಕರು ಇರಲಿಲ್ಲ. ಹಾಗಿದ್ದೂ ಪಂದ್ಯಾವಳಿಯಲ್ಲಿ ಆಡಿದ್ದಕ್ಕಾಗಿ ಮಹಿಳಾ ತಂಡಗಳಿಗೂ ಎನ್‌ಸಿಎಎ ಆದಾಯದ ಪಾಲು ಸಲ್ಲಬೇಕೆಂಬ ತೀರ್ಮಾನಕ್ಕೆ 2025ರ ಜನವರಿಯವರೆಗೆ ಕಾಯಬೇಕಾಯಿತು.

ಕೆಲಸದ ಸ್ವರೂಪವೂ ಮತ್ತೆ ಬದಲಾಗುತ್ತಿದೆ. 2021ರ ಜುಲೈನಿಂದ ಆಟಗಾರ್ತಿಯರು ತಮ್ಮ ಹೆಸರು, ಚಿತ್ರಗಳನ್ನು ಜಾಹೀರಾತಿಗೆ ಕೊಟ್ಟು ಹಣ ಗಳಿಸಬಹುದು. ಒಂದು ವರ್ಷ ಹೊರಗೆ ಕೂರುವ ಶಿಕ್ಷೆಯಿಲ್ಲದೆ ಕಾಲೇಜು ಬದಲಿಸಬಹುದು. 2025ರಿಂದ ಕಾಲೇಜುಗಳೇ ಅವರಿಗೆ ನೇರವಾಗಿ ಹಣ ನೀಡಬಹುದು. ಹಿಂದೆ ಹದಿನೇಳರ ಹುಡುಗಿಯ ಮನೆಯವರನ್ನು ಒಮ್ಮೆ ಒಪ್ಪಿಸಿದರೆ ನಾಲ್ಕು ವರ್ಷ ನೆಮ್ಮದಿ. ಈಗ ಪ್ರತಿ ವಸಂತದಲ್ಲೂ ತನ್ನದೇ ಆಟಗಾರ್ತಿಯರನ್ನು ಮತ್ತೆ ಒಲಿಸಿಕೊಳ್ಳಬೇಕು. ಈ ಒತ್ತಡ ತಾಳಲಾರದೆ ಹುದ್ದೆ ಬಿಡುವವರ ಸಾಲು ಬೆಳೆಯುತ್ತಿದೆ, ಬಿಡದವರನ್ನು ಬಿಡಿಸುವುದೂ ನಡೆದಿದೆ. ಟೆನೆಸೀಯಲ್ಲೇ ಸಮಿಟ್ ಅವರ ನಂತರ ಬಂದ ಹಾಲಿ ವಾರ್ಲಿಕ್ ಅವರನ್ನು 2019ರಲ್ಲಿ, ಆಮೇಲೆ ಬಂದ ಕೆಲ್ಲಿ ಹಾರ್ಪರ್ ಅವರನ್ನು 2024ರಲ್ಲಿ ವಿಶ್ವವಿದ್ಯಾಲಯ ಕೈಬಿಟ್ಟಿತು. ಇಬ್ಬರೂ ಸಮಿಟ್ ಅವರ ಶಿಷ್ಯೆಯರೇ. ಇಬ್ಬರೂ ಸೋತದ್ದಕ್ಕಿಂತ ಎಷ್ಟೋ ಹೆಚ್ಚು ಪಂದ್ಯಗಳನ್ನು ಗೆದ್ದವರೇ. ಗುರುವಿನ ಅಳತೆಗೆ ಅದು ಸಾಲಲಿಲ್ಲ.

ಹಾರ್ಪರ್ ಅವರ ನಂತರ ನೇಮಕಗೊಂಡ ಕಿಮ್ ಕಾಲ್ಡ್‌ವೆಲ್ ಸಮಿಟ್ ಅವರ ಬಳಿ ಆಡಿದವರಲ್ಲ, ಕೆಲಸ ಮಾಡಿದವರೂ ಅಲ್ಲ. 2025ರ ಜನವರಿಯಲ್ಲಿ, ಋತುವಿನ ನಟ್ಟನಡುವೆ, ಅವರಿಗೆ ಗಂಡುಮಗು ಹುಟ್ಟಿತು. ಒಂದೇ ಪಂದ್ಯ ತಪ್ಪಿಸಿಕೊಂಡ ಅವರು ಹೆರಿಗೆಯಾಗಿ ವಾರ ಕಳೆಯುವಷ್ಟರಲ್ಲಿ ಮತ್ತೆ ಅಂಕಣದ ಅಂಚಿನಲ್ಲಿ ನಿಂತಿದ್ದರು.